ಹಳೆಯ ಸೀರೆಯ ವಾಸನೆ: ಕಥೆಗೊಂದು ಸಲಹೆ ಬೇಕು

ನಿವೃತ್ತ ಕಂಡಕ್ಟರ್, ಹುಬ್ಬಳ್ಳಿ:

ಎಲ್ಲರಿಗೂ ನಮಸ್ಕಾರ. ಇಪ್ಪತ್ತೊಂಬತ್ತು ವರ್ಷ ಹುಬ್ಬಳ್ಳಿ–ಗದಗ ದಾರಿಯಲ್ಲಿ ಟಿಕೆಟ್ ಹರಿದವನು ನಾನು. ಈಗ ಮನೆಯಲ್ಲಿ ಕುಳಿತು ಕಥೆ ಬರೆಯುತ್ತೇನೆ. ಒಂದು ಕಥೆ ಮೂರು ತಿಂಗಳಿಂದ ಅಣ್ಣಿಗೇರಿಯಲ್ಲಿ ಪಂಕ್ಚರ್ ಆದ ಬಸ್ಸಿನಂತೆ ನಿಂತುಬಿಟ್ಟಿದೆ.

ಕಥೆಯಲ್ಲಿ ಗದಗ ಜಿಲ್ಲೆಯ ಕಪ್ಪತಗುಡ್ಡದ ಇಳಿಜಾರಿನಲ್ಲಿ ಒಂದು ಪಂಥವಿದೆ. ಪೂರ್ತಿ ನನ್ನ ಕಲ್ಪನೆ, ಯಾರೂ ಹುಡುಕಿಕೊಂಡು ಹೋಗಬೇಡಿ. ಹೆಗಲ ಮೇಲೆ ಸದಾ ಹಳೆಯ ಬಟ್ಟೆ ಸೇರಿಸಿ ಹೊಲಿದ ಕೌದಿ ಇರುವುದರಿಂದ ಊರಿನವರು ಅವರನ್ನು ‘ಕೌದಿಯವರು’ ಎನ್ನುತ್ತಾರೆ. ಕಾವಿ ಇಲ್ಲ, ಗದ್ದುಗೆ ಇಲ್ಲ, ಕಾಣಿಕೆ ಪೆಟ್ಟಿಗೆಯಂತೂ ಇಲ್ಲವೇ ಇಲ್ಲ. ಹಳೆಯ ಸಂಕಟ ಬೆನ್ನು ಬಿಡದವರು ಅಲ್ಲಿಗೆ ಹೋಗುತ್ತಾರೆ. ಹೋಗುವಾಗ ಆ ಸಂಕಟಕ್ಕೆ ಕಾರಣರಾದವರು ಉಟ್ಟು ಬಿಟ್ಟ ಒಂದು ಬಟ್ಟೆ ಒಯ್ಯಬೇಕು. ಕೌದಿಯವರು ಅದನ್ನು ಮೂಗಿಗೆ ಹಿಡಿದು ಕಣ್ಣು ಮುಚ್ಚಿ ಕೂರುತ್ತಾರೆ. ಉಳಿದ ವಾಸನೆಯಿಂದಲೇ ಯಾವ ಸಿಟ್ಟು, ಯಾವ ಅಂಜಿಕೆ ಎಂಬುದು ಅವರಿಗೆ ತಿಳಿಯುತ್ತದೆ. ಆಮೇಲೆ ಹಳ್ಳದಲ್ಲಿ ಒಗೆಯುತ್ತಾರೆ. ವಾಸನೆ ಹೋಗುತ್ತದೆ, ಸಂಕಟವೂ ಹೋಗುತ್ತದೆ.

ಅಣ್ಣಿಗೇರಿಯ ವಿಧವೆಯೊಬ್ಬಳು ಗಂಡನ ಧೋತರ ತರುತ್ತಾಳೆ. ಅವನು ಹೊಡೆಯುತ್ತಿದ್ದ. ಧೋತರ ಒಗೆದ ಮೇಲೆ ಹೊಡೆತದ ನೆನಪು ಹೋಯಿತು. ಆದರೆ ಕಣದಲ್ಲಿ ರಾಶಿ ಕಾಯುತ್ತ ಅವನು ಹಾಡುತ್ತಿದ್ದ ಭಜನೆಯೂ ಹೋಯಿತು. ಹೆಂಡತಿಗೆ ಓದಿ ಹೇಳಿದೆ. ರೊಟ್ಟಿ ಬಡಿಯುತ್ತಿದ್ದವಳು ಕೈ ನಿಲ್ಲಿಸದೆ, “ಇದಕ್ಕೆ ಕಳವು ಎನ್ನುತ್ತಾರೆ” ಎಂದಳು. ಅಲ್ಲಿಗೇ ನಿಂತಿದೆ.

ಇನ್ನೊಂದನ್ನೂ ಹೇಳಿಬಿಡುತ್ತೇನೆ. ಈ ಕಥೆ ಹುಟ್ಟಿದ್ದು ನಮ್ಮವ್ವನ ಟ್ರಂಕಿನಿಂದ. ಅದರಲ್ಲಿ ಅವಳ ಇಳಕಲ್ ಸೀರೆಯಿದೆ. ಮುಚ್ಚಳ ತೆಗೆದರೆ ಮೊದಲು ಡಾಂಬರು ಗುಳಿಗೆಯ ಘಾಟು, ಅದರಡಿಯಲ್ಲಿ ಒಲೆಯ ಹೊಗೆ, ಎಲೆಅಡಿಕೆ. 1998ರಲ್ಲಿ ಅವಳು ತೀರಿಕೊಂಡಾಗ ನಾನು ಡ್ಯೂಟಿಯಲ್ಲಿದ್ದೆ. ಗದಗ ನಿಲ್ದಾಣಕ್ಕೆ ಫೋನ್ ಬಂತು. ಬಸ್ ತುಂಬಿತ್ತು. ಹುಬ್ಬಳ್ಳಿಯವರೆಗೂ ಟಿಕೆಟ್ ಹರಿಯುತ್ತಲೇ ಬಂದೆ, ಚಿಲ್ಲರೆ ಲೆಕ್ಕವೂ ತಪ್ಪಲಿಲ್ಲ. ಈಗ ಮುಚ್ಚಳ ತೆಗೆಯುತ್ತೇನೆ, ಮುಚ್ಚುತ್ತೇನೆ.

ಒಗೆಯುವುದು ಬೇಡವೆಂದರೆ ಕೌದಿಯವರು ಏನು ಮಾಡಬೇಕು?

ಸೂಜಿದಾರ, ಬ್ಯಾಡಗಿ:

ಅಣ್ಣಾ, ಹೆಸರು ಕೌದಿಯವರು, ಮಾಡಿಸುವುದು ಒಗೆಯುವ ಕೆಲಸ! ಹೆಗಲಿಗೆ ಕೌದಿ ಹಾಕಿದಿರಿ, ಕೈಗೆ ಸೂಜಿ ಕೊಡಲೇ ಇಲ್ಲ.

ನಾನು ನಮ್ಮತ್ತೆಯಿಂದ ಕಲಿತವಳು. ನಮ್ಮಲ್ಲಿ ಒಗೆಯುವುದು ಮೊದಲ ಕೆಲಸ. ಒಗೆದು ಒಣಗಿಸಿದ ಹಳೆಯ ಸೀರೆಯನ್ನು ನೆಲಕ್ಕೆ ಹಾಸಿ, ಅದರ ಮೇಲೆ ಹರಿದು ಚಿಂದಿಯಾದದ್ದನ್ನು ಹರವುತ್ತೇವೆ. ಯಾರಿಗೂ ತೋರಿಸಲಾಗದ ಬಟ್ಟೆಯೆಲ್ಲ ಒಳಗೆ ಹೋಗುತ್ತದೆ, ಕೌದಿಗೆ ದಪ್ಪ ಬರುವುದೇ ಅದರಿಂದ. ಅಂಚಿನಿಂದ ಹಿಡಿದು ಸುತ್ತು ಸುತ್ತಾಗಿ ಟಾಕು ಹಾಕುತ್ತ ಬರಬೇಕು. ಹೊಸ ಬಟ್ಟೆ ಗಂಜಿಯಿಂದ ಬಿರುಸಾಗಿ ಸೂಜಿಗೆ ಸೆಟೆಯುತ್ತದೆ. ಇಪ್ಪತ್ತು ವರ್ಷ ಉಟ್ಟ ಸೀರೆ ಬೆಣ್ಣೆಯಂತೆ ದಾರಿ ಬಿಡುತ್ತದೆ.

ನಮ್ಮ ಮನೆಯ ಕೌದಿಯಲ್ಲಿ ಮಾವನ ಧೋತರದ ತುಂಡಿದೆ. ಮಹಾ ಸಿಡುಕ ಮನುಷ್ಯ. ಚಳಿಗಾಲ ಬಂದರೆ ಮೊಮ್ಮಕ್ಕಳು ಅದಕ್ಕೇ ಜಗಳಾಡುತ್ತವೆ. ಆ ವಿಧವೆಯ ಕೈಯಲ್ಲೇ ಹೊಲಿಸಿ. ನಿಮ್ಮ ಸಾಧುಗಳು ಪಕ್ಕದಲ್ಲಿ ಕುಳಿತು ಸೂಜಿಗೆ ದಾರ ಪೋಣಿಸಿ ಕೊಟ್ಟರೆ ಸಾಕು.

ಸಂಸ್ಕೃತ ಮಾಸ್ತರ, ಧಾರವಾಡ:

ಮೂಗಿಗೆ ಬರುವುದೂ ವಾಸನೆ, ಹಿಂದಿನ ಅನುಭವ ಮನಸ್ಸಿನಲ್ಲಿ ಬಿಟ್ಟುಹೋದದ್ದೂ ವಾಸನೆ. ಪತಂಜಲಿಯ ಯೋಗಸೂತ್ರದ ನಾಲ್ಕನೆಯ ಪಾದದಲ್ಲಿ ಈ ಪದ ಎರಡನೆಯ ಅರ್ಥದಲ್ಲಿ ಬರುತ್ತದೆ. ನಿಮಗೆ ಹೆಚ್ಚು ಬೇಕಾದದ್ದು ಮೊದಲ ಪಾದದ 50ನೆಯ ಸೂತ್ರ. ಧ್ಯಾನ ಗಟ್ಟಿಯಾದ ಸಮಾಧಿಯ ಪ್ರಜ್ಞೆಯಿಂದ ಹುಟ್ಟಿದ ಸಂಸ್ಕಾರ, ಅಂದರೆ ಮನಸ್ಸಿನ ಮೇಲೆ ಬಿದ್ದ ಅಚ್ಚು, ಉಳಿದ ಸಂಸ್ಕಾರಗಳಿಗೆ ‘ಪ್ರತಿಬಂಧಿ’ ಎನ್ನುತ್ತದೆ ಅದು. ಅಡ್ಡ ನಿಲ್ಲುತ್ತದೆ ಎಂದು ಅರ್ಥ. ಒಗೆದು ಹಾಕುವ ಮಾತು ಅಲ್ಲಿಲ್ಲ. ಸೂಜಿದಾರ ತಾಯಿಯವರು ಹೇಳಿದ್ದಕ್ಕೆ ಬಹಳ ಹತ್ತಿರ. ಸೂತ್ರವೆಂದರೂ ದಾರವೇ ತಾನೆ!

ಪಂಥದವರ ಬಾಯಲ್ಲಿ ಮಾತ್ರ ಈ ಸಂಸ್ಕೃತ ತುರುಕಬೇಡಿ. ಶಿಶುನಾಳ ಶರೀಫರು (1819–1889) ಸೋರುವ ಮಾಳಿಗೆ, ಹುಬ್ಬಳ್ಳಿಯ ಗಿರಣಿ ಹಿಡಿದು ಅಧ್ಯಾತ್ಮ ಹೇಳಿದ ನೆಲ ಇದು.

ಮುಂಡರಗಿಯವನು:

ನಾನು ತಕರಾರು ತೆಗೆಯುವವನು. ಕಥೆ ಯಾವ ಕಾಲದ್ದು? ಎಪ್ಪತ್ತರ ದಶಕವಾದರೆ ಕಪ್ಪತಗುಡ್ಡದ ಮೇಲೆ ಗಾಳಿಯಂತ್ರ ತಿರುಗಿಸಬೇಡಿ. ಈಗಿನದಾದರೆ ಅದು 2019ರಿಂದ ವನ್ಯಜೀವಿ ಧಾಮ, ಬೇಕೆಂದಲ್ಲಿ ಗುಡಿಸಲು ಹಾಕಲು ಅರಣ್ಯ ಇಲಾಖೆ ಬಿಡುವುದಿಲ್ಲ. ಗುಡ್ಡ ಎಂದೊಡನೆ ಎಲ್ಲರೂ ಔಷಧಿಯ ಬೇರು, ತೊಪ್ಪಲು ಎನ್ನುತ್ತಾರೆ. ನೀವು ಬಟ್ಟೆ ಹಿಡಿದದ್ದು ಮೆಚ್ಚುಗೆಯಾಯಿತು.

ಇನ್ನೊಂದು ಮಾತು ಸ್ವಲ್ಪ ಖಾರ. ಧಾರವಾಡದಲ್ಲಿ ಮಾನಸಿಕ ಆಸ್ಪತ್ರೆ 1845ರಿಂದ ಇದೆ, ಇಂದಿನ ಡಿಮ್ಹಾನ್ಸ್. ಆದರೂ ನಮ್ಮ ಚಿಕ್ಕಪ್ಪ ಮಾತ್ರೆ ಬಿಟ್ಟು ದೇವರ ಹೇಳಿಕೆ ಕೇಳುತ್ತ ಅಲೆದು ಎರಡು ವರ್ಷ ಕಳೆದುಕೊಂಡರು. ನಿಮ್ಮ ಕೌದಿಯವರಲ್ಲಿ ಒಬ್ಬನಾದರೂ, “ಇದು ನಮ್ಮ ಸೂಜಿಗೆ ಬಗ್ಗುವುದಲ್ಲ, ಧಾರವಾಡದ ಬಸ್ ಹಿಡಿ” ಎನ್ನಲಿ.

ನಿವೃತ್ತ ಕಂಡಕ್ಟರ್, ಹುಬ್ಬಳ್ಳಿ:

ಮೂವರಿಗೂ ಶರಣು. ಕಥೆ 1974ರದ್ದು. ಗಾಳಿಯಂತ್ರ ಮೊದಲ ಪುಟದಲ್ಲೇ ಇತ್ತು, ಕಿತ್ತು ಹಾಕಿದೆ. ಒಬ್ಬ ಹುಡುಗನನ್ನು ಧಾರವಾಡದ ಬಸ್ ಹತ್ತಿಸಿದ್ದೇನೆ. ಟಿಕೆಟ್ ಹರಿಯುವವನ ಪಾತ್ರ ನನ್ನದೇ. ವಿಧವೆ ಈಗ ತಾನೇ ಹೊಲಿಯುತ್ತಾಳೆ. ಹೊಲಿಯುತ್ತ ಭಜನೆ ಗುನುಗುತ್ತಾಳೆ, ಮೂರನೆಯ ನುಡಿ ನೆನಪಾಗುವುದಿಲ್ಲ. ಕೌದಿಯವನಿಗೆ ಅದು ಗೊತ್ತಿದೆ, ಹೇಳಿಕೊಡದೆ ದಾರ ಪೋಣಿಸುತ್ತಾನೆ.

ನಿನ್ನೆ ಟ್ರಂಕು ತೆಗೆದೆವು. ಸೆರಗನ್ನು ಮಾತ್ರ ಕತ್ತರಿಸಿ ಒಳಗಿಟ್ಟು, ಉಳಿದ ಸೀರೆಯನ್ನು ಹೆಂಡತಿ ಒಗೆದು ತಂತಿಗೆ ಹಾಕಿದ್ದಾಳೆ. ಸೂಜಿದಾರ ಅಕ್ಕ, ನನ್ನ ಕಣ್ಣಿಗೆ ಸೂಜಿಯ ಕಣ್ಣು ಕಾಣುವುದಿಲ್ಲ. ದಬ್ಬಣ ತಂದರೆ ನಡೆಯುತ್ತದೆಯೇ?

ಸೂಜಿದಾರ, ಬ್ಯಾಡಗಿ:

ದಬ್ಬಣ ಚೀಲ ಹೊಲಿಯುವುದಕ್ಕೆ ಅಣ್ಣಾ, ಸೀರೆ ಹರಿದೀತು. ಉದ್ದನೆಯ ಸೂಜಿ ತನ್ನಿ, ದಾರ ಎರಡೆಳೆ ಇರಲಿ, ಪೋಣಿಸುವುದಕ್ಕೆ ಯಾರನ್ನಾದರೂ ಪಕ್ಕದಲ್ಲಿ ಕೂರಿಸಿಕೊಳ್ಳಿ.