ಕ್ಯೋಟೋದಲ್ಲಿ ಟೀ ಸೆರೆಮನಿ, ಅಮ್ಮನಿಗೆ ಮಂಡಿನೋವು: ಹೋಗಿ ಬಂದವರು ಅನುಭವ ಹೇಳಿ

ಹಾಸನದ ಮಗಳು
ನವೆಂಬರ್ ಎರಡನೇ ವಾರ ಅಮ್ಮನನ್ನು ಕರೆದುಕೊಂಡು ಜಪಾನಿಗೆ ಹೋಗುತ್ತಿದ್ದೇನೆ. ಕ್ಯೋಟೋದಲ್ಲಿ ಎರಡೇ ದಿನ. ಅಮ್ಮನಿಗೆ 63. ನೆಲದ ಮೇಲೆ ಕೂತರೆ ಏಳುವಾಗ ಒಬ್ಬರು ಕೈ ಕೊಡಬೇಕು. ಸಸ್ಯಾಹಾರಿಗಳು, ಮೊಟ್ಟೆಯೂ ಇಲ್ಲ. ಟೀವಿಯಲ್ಲಿ ಜಪಾನಿಯರು ಶಾಸ್ತ್ರಬದ್ಧವಾಗಿ ಟೀ ಮಾಡಿಕೊಡುವ ಟೀ ಸೆರೆಮನಿ ನೋಡಿದಾಗಿನಿಂದ "ಅದೊಂದು ನೋಡಲೇಬೇಕು ಕಣೇ" ಅಂತ ಒಂದೇ ಹಟ. ಕಿಮೊನೊ ಸೇರಿಸಿ ಇಬ್ಬರಿಗೆ 15,000 ಯೆನ್ ಕೇಳುತ್ತಿದ್ದಾರೆ. ಎಂಟು ಸಾವಿರ ರೂಪಾಯಿ ದಾಟುತ್ತೆ. ಅಷ್ಟು ಕೊಡಬಹುದಾ? ಕುರ್ಚಿ ಸಿಗುತ್ತಾ?

ಮಲ್ಲೇಶ್ವರಂ ಫಿಲ್ಟರ್
ಕಾಲಿನ ವಿಷಯ ನನ್ನನ್ನು ಕೇಳಿ. 2023ರ ಅಕ್ಟೋಬರ್. ನಾನು, ಹೆಂಡತಿ, ಭಾವಮೈದ. 45 ನಿಮಿಷ, ತಲೆಗೆ 3,500 ಯೆನ್. ಸೇಜಾ ಅಂತ, ಕಾಲು ಮಡಿಸಿ ಹಿಮ್ಮಡಿ ಮೇಲೆ ಕೂರಬೇಕು. ಕಷ್ಟವಾದರೆ ಕಾಲು ಸಡಿಲ ಬಿಡಿ ಅಂತ ಟೀ ಮಾಡುವ ಹೆಂಗಸು ಮೊದಲೇ ಹೇಳಿದ್ದರು. ಆದರೆ ಪಕ್ಕದಲ್ಲಿ ಎಪ್ಪತ್ತು ದಾಟಿದ ಒಬ್ಬ ಅಜ್ಜಿ ಗೊಂಬೆ ಇಟ್ಟ ಹಾಗೆ ಕೂತಿದ್ದರು. ನನಗೆ ಮಾನದ ಪ್ರಶ್ನೆ ಆಯಿತು. ಹತ್ತನೇ ನಿಮಿಷಕ್ಕೆ ಜೋಮು. ಇಪ್ಪತ್ತಕ್ಕೆ ಪಾದ ನನ್ನದಲ್ಲವೇ ಅಲ್ಲ.

ಮುಗಿಯಿತು, ಎದ್ದೆ. ಎಡಗಾಲು ತಿರುಚಿಕೊಂಡಿದ್ದು ಗೊತ್ತೇ ಆಗಲಿಲ್ಲ. ದಬಕ್ಕನೆ ಬಿದ್ದೆ. ಕೈ ಹೋಗಿ ಕಾಗದದ ಬಾಗಿಲಿಗೆ ಬಡಿದು ತೂತು. ಬಾಗಿಲಿಗೆ ದುಡ್ಡು ಬೇಡ ಅಂದರು. ಮೇಲಾಗಿ ಬಗ್ಗಿ ಬಗ್ಗಿ ಅವರೇ ಕ್ಷಮೆ ಕೇಳಿದರು. ಬೈದಿದ್ದರೆ ವಾಸಿಯಿತ್ತು. ಕ್ಲಿನಿಕ್ಕಿನಲ್ಲಿ ಎಕ್ಸ್‌ರೇ ಸೇರಿ 14,200 ಯೆನ್. ಉಳುಕು ಅಷ್ಟೇ, ಆದರೆ ಮೂರು ದಿನ ಹೋಟೆಲ್ ಕೋಣೆಯಲ್ಲಿ. ಊರಿಗೆ ಬಂದು ಟ್ರಾವೆಲ್ ಇನ್ಶೂರೆನ್ಸಿನವರ ಹತ್ತಿರ ಹೋದರೆ ಬಿಲ್ ಜಪಾನಿಯಲ್ಲಿದೆ, ಅನುವಾದ ಮಾಡಿಸಿ ತನ್ನಿ ಅಂದರು. ಅನುವಾದಕ್ಕೆ 2,800 ರೂಪಾಯಿ. ಪಾಲಿಸಿ ಪ್ರಕಾರ ನಾವೇ ಭರಿಸಬೇಕಾದ 50 ಡಾಲರ್ ಕಳೆದು ಕೈಗೆ ಬಂದದ್ದು 3,790 ರೂಪಾಯಿ. ಅನುವಾದದ ಖರ್ಚು ಕಳೆದರೆ 990 ರೂಪಾಯಿ.

ಟೀ ಚೆನ್ನಾಗಿತ್ತು ಅನ್ನಿಸುತ್ತೆ. ನೆನಪಿಲ್ಲ.

ದಿನಾ ವಜ್ರಾಸನ
ಅಯ್ಯೋ ಸರ್, ಅದು ನಮ್ಮ ವಜ್ರಾಸನ, ಅಷ್ಟೇ. ನಾನು ಊಟ ಆದ ಮೇಲೆ ದಿನಾ 20 ನಿಮಿಷ ಕೂರುತ್ತೇನೆ. ಕ್ಯೋಟೋದಲ್ಲಿ ಐವತ್ತು ನಿಮಿಷ ಕದಲದೆ ಕೂತೆ. ಟೀ ಮಾಡಿದವರೇ ಬಂದು ಎಲ್ಲಿ ಕಲಿತಿರಿ ಅಂತ ಕೇಳಿದರು. ಬೆಂಗಳೂರಿನಲ್ಲಿ ಸೋಫಾ ಬಂದಿದ್ದೇ ಬಂದಿದ್ದು, ನಲವತ್ತಕ್ಕೇ ಎಲ್ಲರ ಮಂಡಿ ಹೋಯಿತು.

ಮಲ್ಲೇಶ್ವರಂ ಫಿಲ್ಟರ್
ಕೇಳಿದವರ ತಾಯಿಗೆ 63 ವರ್ಷ, ಮಂಡಿನೋವು. ಹೊರಡಲು ತಿಂಗಳಿರುವಾಗ ವಜ್ರಾಸನ ಶುರು ಮಾಡಿಸಬೇಕಾ? ನಿಮಗೆ ಬಂದ ಸರ್ಟಿಫಿಕೇಟು ಫ್ರೇಮ್ ಹಾಕಿಸಿ ಇಟ್ಟುಕೊಳ್ಳಿ.

ನಾಗೋಯಾ ವಾಸಿ
ಇಬ್ಬರೂ ಸ್ವಲ್ಪ ಸುಮ್ಮನಿರಿ. ನಾನು ಇಲ್ಲಿ ಹನ್ನೊಂದು ವರ್ಷದಿಂದ ಇದ್ದೇನೆ. ಆರು ವರ್ಷದಿಂದ ಒಬ್ಬ ಟೀಚರ್ ಮನೆಯಲ್ಲಿ ಟೀ ಕಲಿಯುತ್ತಿದ್ದೇನೆ. ತಿಂಗಳಿಗೆ ಮೂರು ಕ್ಲಾಸು, 8,000 ಯೆನ್. ಇಲ್ಲಿಯವರೆಗೆ ಎಷ್ಟಾಯಿತು ಅಂತ ಹೆಂಡತಿ ಲೆಕ್ಕ ಇಟ್ಟಿದ್ದಾಳೆ, ನಾನು ಕೇಳಲು ಹೋಗಿಲ್ಲ.

ಜೋಮಿನ ಬಗ್ಗೆ: ಇಲ್ಲಿಯವರಿಗೂ ಹಿಡಿಯುತ್ತೆ. ಕಾಲಿನ ಎರಡು ಹೆಬ್ಬೆರಳು ಒಂದರ ಮೇಲೊಂದು ಇಟ್ಟು ಕೂರಬೇಕು, ಆಗಾಗ ಅದಲು ಬದಲು ಮಾಡಬೇಕು. ಏಳುವ ಮೊದಲು ಕಾಲ್ಬೆರಳು ನೆಲಕ್ಕೆ ಊರಿ, ಹಿಮ್ಮಡಿ ಎತ್ತಿ, ಒಂದು ನಿಮಿಷ ಹಾಗೇ ಇರಬೇಕು. ಫಿಲ್ಟರ್ ಅವರೇ, ನೀವು ಹಾಗೆ ಮಾಡಲಿಲ್ಲ.

ಇನ್ನು ಆಭರಣ. ಉಂಗುರ, ವಾಚು, ಬಳೆ, ಉದ್ದ ಸರ ತೆಗೆಯಲು ಹೇಳುತ್ತಾರೆ. ಬಟ್ಟಲಿಗೆ ಗೀರು ಬೀಳಬಾರದು ಅಂತ. ಸೆಂಟು ಬೇಡ, ಒಳಗೆ ಧೂಪ ಇರುತ್ತೆ. ಬಿಳಿ ಕಾಲುಚೀಲ ಇಟ್ಟುಕೊಳ್ಳಿ. ತತಾಮಿ ಚಾಪೆಯ ಅಂಚು ತುಳಿಯಬೇಡಿ, ನಮ್ಮಲ್ಲಿ ಹೊಸ್ತಿಲು ತುಳಿಯದ ಹಾಗೆ. ಹಳೇ ಕಾಲದ ಚಹಾ ಮನೆಗೆ ಬಾಗಿಲೇ ಎರಡು ಅಡಿ ಚಿಲ್ಲರೆ. ಮಂಡಿಯೂರಿ ತೆವಳಿಕೊಂಡು ಒಳಗೆ ಹೋಗಬೇಕು. ಕತ್ತಿಯವನೂ ಕತ್ತಿ ಹೊರಗಿಟ್ಟು ಬಗ್ಗಲೇಬೇಕಿತ್ತು. ಕುರ್ಚಿ ಮೇಜಿನ ರೀತಿಯೂ ಇದೆ, ರ್ಯೂರೇ ಅನ್ನುತ್ತಾರೆ. 1872ರ ಕ್ಯೋಟೋ ವಸ್ತುಪ್ರದರ್ಶನಕ್ಕೆ ಬಂದ ವಿದೇಶಿಯರಿಗಾಗಿ, ಟೀ ಕಲಿಸುವ ಉರಾಸೆಂಕೆ ಮನೆತನದ 11ನೇ ಯಜಮಾನ ಗೆಂಗೆನ್ಸಾಯ್ ಮಾಡಿದ್ದು.

ಆದರೆ ಕಿಮೊನೊ ಪ್ಯಾಕೇಜು, ಫೋಟೋ, ಎಲ್ಲರೂ ಒಂದೊಂದು ಸಲ ಟೀ ಕಡೆಯುವ ಬಿದಿರಿನ ಕುಂಚ ಆಡಿಸಿ ಅಂತ ಹೇಳೋದು, ಇದೆಲ್ಲ ಟೀ ಅಲ್ಲ. ತಮಾಷೆ. ನಿಜವಾದದ್ದು ನೋಡಬೇಕಾದರೆ ಚಾಜಿಗೆ ಹೋಗಬೇಕು, ಅಂದರೆ ಊಟದಿಂದ ಹಿಡಿದು ಟೀವರೆಗಿನ ಪೂರ್ತಿ ಕೂಟಕ್ಕೆ. ನಾಲ್ಕು ಗಂಟೆ ಹಿಡಿಯುತ್ತೆ. ನವೆಂಬರಿನಲ್ಲಿ ನೆಲದ ಒಲೆ ತೆರೆಯುತ್ತಾರೆ, ಟೀಯವರಿಗೆ ಅದೇ ಹೊಸ ವರ್ಷ. ಕೋಣೆಯಲ್ಲಿ ಯಾರೂ ಮಾತಾಡುವುದಿಲ್ಲ. ಕಬ್ಬಿಣದ ಪಾತ್ರೆಯಲ್ಲಿ ನೀರು ಸುಯ್ಯ್ ಅನ್ನುತ್ತಿರುತ್ತೆ. ಒಂದು ಸೌಟು ತಣ್ಣೀರು ಹೊಯ್ದ ಕೂಡಲೇ ಆ ಸದ್ದು ನಿಂತುಹೋಗುತ್ತೆ. ಅದಕ್ಕಾಗಿಯೇ ನಾನು ಆರು ವರ್ಷದಿಂದ ಹೋಗುತ್ತಿದ್ದೇನೆ.

ಶಿರಸಿ ತಂಬುಳಿ
ಚಾಜಿ! ದಯವಿಟ್ಟು ಯಾರಿಗೂ ಹೇಳಬೇಡಿ. ನಾನು 2024ರ ಏಪ್ರಿಲ್‌ನಲ್ಲಿ ಇಂಥದ್ದೇ ಮಾತು ಕೇಳಿ 25,000 ಯೆನ್ ಕೊಟ್ಟೆ. ಒಬ್ಬಳಿಗೆ. ಟೀಗೆ ಮೊದಲು ಕೈಸೆಕಿ ಊಟ ಇರುತ್ತೆ. ಸಸ್ಯಾಹಾರಿ ಅಂತ ಮೂರು ಮೇಲ್ ಹಾಕಿದ್ದೆ. ಮೂರಕ್ಕೂ "ಮಾಂಸ ಮೀನು ಇರುವುದಿಲ್ಲ" ಅಂತ ಉತ್ತರ ಬಂತು. ಮೀನಿನ ತುಂಡು ಇರಲಿಲ್ಲ, ನಿಜ. ಮಿಸೋ ಸಾರಿನಲ್ಲಿ ದಾಶಿ, ಬೇಯಿಸಿದ ತರಕಾರಿಯಲ್ಲಿ ದಾಶಿ. ಒಣಗಿಸಿದ ಬೊನಿಟೊ ಮೀನು ಹೆರೆದು ಕುದಿಸಿದ ನೀರು ಅದು. ಅವರ ಲೆಕ್ಕದಲ್ಲಿ ಅದು ಮೀನಲ್ಲ, ರುಚಿ. ಮುಚ್ಚಳ ತೆಗೆದ ಕೂಡಲೇ ನನಗೆ ವಾಸನೆ ಬಂತು. ಬಡಿಸಿದ್ದನ್ನು ಬಿಡುವ ಹಾಗೂ ಇಲ್ಲ. ಅನ್ನ, ಉಪ್ಪಿನಕಾಯಿ ಬಿಟ್ಟರೆ ಏನೂ ಮುಟ್ಟಲಿಲ್ಲ. ಮನೆಯಾಕೆಯ ಮುಖ ನೋಡಲಾಗಲಿಲ್ಲ.

ಆಮೇಲೆ ಕೊಯ್ಚಾ, ಅಂದರೆ ಗಟ್ಟಿ ಟೀ. ಗೊಜ್ಜಿನ ಹದ, ಕಡು ಹಸಿರು. ಖಾಲಿ ಹೊಟ್ಟೆಗೆ ಅದು ಬೀಳಬಾರದು ಅಂತಲೇ ಮೊದಲು ಊಟ ಇಟ್ಟಿದ್ದಾರಂತೆ. ನನ್ನದು ಹೆಚ್ಚುಕಡಿಮೆ ಖಾಲಿ ಹೊಟ್ಟೆಯೇ. ಹೊಟ್ಟೆ ತೊಳಸಿ, ಕೈ ನಡುಗಿ, ರಾತ್ರಿ ಮೂರರವರೆಗೆ ನಿದ್ದೆ ಇಲ್ಲ. ಅದೂ ಒಂದೇ ಬಟ್ಟಲು, ಸರದಿಯಲ್ಲಿ ಎಲ್ಲರೂ ಕುಡಿಯಬೇಕು. ನಾನು ಮೂರನೆಯವಳು. ಅಂಚು ಒರೆಸಿ ಕೊಡುತ್ತಾರೆ. ಒರೆಸಿದರೆ ಎಂಜಲು ಹೋಯಿತಾ?

ಒಂದು ಮಾತ್ರ ಮರೆಯಲಾರೆ. ಊಟದ ಕೊನೆಗೆ ಸೀಕಲು ಅನ್ನಕ್ಕೆ ಬಿಸಿನೀರು, ಚೂರು ಉಪ್ಪು ಹಾಕಿ ತಂದರು. ಅದರಲ್ಲೇ ಬಟ್ಟಲು ತೊಳೆದು ಕುಡಿಯಬೇಕು. ನಮ್ಮಜ್ಜಿ ಪಾತ್ರೆ ತಳದ ಅನ್ನಕ್ಕೆ ನೀರು ಹಾಕಿ ಕೊಡುತ್ತಿದ್ದರಲ್ಲ, ಅದೇ ರುಚಿ. 25,000 ಯೆನ್ನಿಗೆ ನನಗೆ ದಕ್ಕಿದ್ದು ಅಷ್ಟು.

ಧಾರವಾಡ ಪೇಡೆ
ಇಷ್ಟು ಮಡಿ ಇದ್ದವರು ಅಲ್ಲಿಗೆ ಯಾಕ್ರೀ ಹೋದಿರಿ? ಪಾನಿಪುರಿ ಗಾಡಿಯಲ್ಲಿ ಒಂದೇ ಬಕೆಟ್ ನೀರಿಗೆ ನೂರು ಪ್ಲೇಟು ಅದ್ದುತ್ತಾರೆ. ಅಲ್ಲಿ ಎಂಜಲು ನೆನಪಾಗಲ್ಲ.

ಶಿರಸಿ ತಂಬುಳಿ
ಮಡಿ ಅಲ್ಲ, ನೆಗಡಿ. ನನ್ನ ಮುಂದಿನವರು ಎರಡು ಸಲ ಸೀನಿದ್ದರು. ಮತ್ತೆ ನಾನು ಪಾನಿಪುರಿ ತಿನ್ನುವುದಿಲ್ಲ. ಎಲ್ಲದಕ್ಕೂ ಜಾತಿ ತರಬೇಡಿ.

ಧಾರವಾಡ ಪೇಡೆ
ಜಾತಿ ಅಂತ ಯಾರು ಅಂದರು? ನೀವೇ ಅಂದಿದ್ದು.

ನಾಗೋಯಾ ವಾಸಿ
ಕೊರೊನಾ ಬಂದ ಮೇಲೆ ಎಷ್ಟೋ ಕಡೆ ಕೊಯ್ಚಾವನ್ನೂ ಒಬ್ಬೊಬ್ಬರಿಗೆ ಬೇರೆ ಬಟ್ಟಲಿನಲ್ಲೇ ಕೊಡುತ್ತಾರೆ. ತಂಬುಳಿ ಅವರೇ, ನೀವು ದಾಶಿ ಬೇಡ ಅಂತ ಬರೆಯಬೇಕಿತ್ತು, ಸಸ್ಯಾಹಾರಿ ಅಂತಲ್ಲ. ದೇವಸ್ಥಾನದ ಶೋಜಿನ್ ಅಡುಗೆ ಕೇಳಿದ್ದರೆ ಕಡಲಕಳೆ, ಅಣಬೆಯ ಸಾರು ಮಾಡುತ್ತಿದ್ದರು.

ಶಿರಸಿ ತಂಬುಳಿ
ತಪ್ಪು ನನ್ನದೇ ಆಯಿತಲ್ಲ. ಸರಿ.

ಲೆಕ್ಕದ ಪುಸ್ತಕ
ನೀವೆಲ್ಲ ಒಳಗಾದರೂ ಹೋದಿರಿ. ನಾವು ಬಾಗಿಲೇ ನೋಡಲಿಲ್ಲ. 2024ರ ನವೆಂಬರ್, ನಾಲ್ಕು ಜನ. ತಲೆಗೆ 5,500, ಒಟ್ಟು 22,000 ಯೆನ್ ಮುಂಗಡ. ಮಧ್ಯಾಹ್ನ ಎರಡಕ್ಕೆ ಇದ್ದದ್ದು. ಒಂದೂಕಾಲಿಗೆ ಕ್ಯೋಟೋ ಸ್ಟೇಷನ್ನಿನಲ್ಲಿ ಸಿಟಿ ಬಸ್ಸಿಗೆ ನಿಂತೆವು, 230 ಯೆನ್ ಟಿಕೆಟ್. ಮೇಪಲ್ ಎಲೆ ಕೆಂಪಾಗುವ ಕಾಲ, ಊರಿಗೆ ಊರೇ ಬಂದಿತ್ತು. ಎರಡು ಬಸ್ ಬಿಟ್ಟು ಮೂರನೆಯದು ಹತ್ತಿದೆವು. ಅದು ತೆವಳಿತು. ಅರ್ಧದಲ್ಲಿ ಇಳಿದು ಟ್ಯಾಕ್ಸಿ, 2,400 ಯೆನ್. ಅದೂ ತೆವಳಿತು. ಕೊನೆಗೆ ಓಡಿದೆವು, ಅತ್ತಿಗೆ ಬಾಡಿಗೆ ಕಿಮೊನೊದಲ್ಲಿ. ಹನ್ನೆರಡು ನಿಮಿಷ ತಡ. ಶುರುವಾಗಿದೆ, ಬಿಡಲು ಬರುವುದಿಲ್ಲ ಅಂದರು. ದುಡ್ಡು ವಾಪಸ್ ಇಲ್ಲ. ಒಂದು ಪೊಟ್ಟಣ ಸಕ್ಕರೆ ಮಿಠಾಯಿ ಕೊಟ್ಟು ಕಳಿಸಿದರು. ಎಂಟು ಮಿಠಾಯಿ. ಒಂದಕ್ಕೆ 2,750 ಯೆನ್ ಬಿತ್ತು.

ಇನ್ನೊಂದು. ಜಪಾನ್ ರೈಲಿನ ಏಳು ದಿನದ ಜೆಆರ್ ಪಾಸ್ ತೆಗೆದುಕೊಳ್ಳಬೇಡಿ. 2023ರ ಅಕ್ಟೋಬರಿನಲ್ಲಿ 29,650 ಇದ್ದದ್ದನ್ನು 50,000 ಯೆನ್ ಮಾಡಿದರು. ಟೋಕಿಯೊದಿಂದ ಕ್ಯೋಟೋ ಹೋಗಿ ಬರಲು 28,000 ಸಾಕು. ನಾನು ಹಳೇ ವಿಡಿಯೋ ನೋಡಿ ನಾಲ್ಕು ಪಾಸ್ ತೆಗೆದೆ. ಮೇಲಿಂದ ಅತಿ ವೇಗದ ನೊಜೊಮಿ ರೈಲು ಹತ್ತಲು ಬೇರೆ ದುಡ್ಡು.

ದಿನಾ ವಜ್ರಾಸನ
ಹಿರೋಷಿಮಾ, ಕಾನಾಜಾವಾ ಎಲ್ಲ ಸುತ್ತಿದರೆ ಪಾಸ್ ಲಾಭವೇ. ನನಗೆ ಉಳಿಯಿತು.

ಲೆಕ್ಕದ ಪುಸ್ತಕ
ಟಿಕೆಟ್ ಟಿಕೆಟ್ ಲೆಕ್ಕ ಹಾಕಿ ಇಲ್ಲಿ ಬರೆಯಿರಿ. ಆಮೇಲೆ ಮಾತಾಡೋಣ.

ಧಾರವಾಡ ಪೇಡೆ
ಕ್ಯೋಟೋದಲ್ಲಿ ಯಾಕೆ ಸಾಯುತ್ತೀರಿ? ಉಜಿಗೆ ಹೋಗಿ. ಟೀ ಬೆಳೆಯುವ ಊರೇ ಅದು. ಕ್ಯೋಟೋದಿಂದ ರೈಲಿಗೆ 240 ಯೆನ್, ಅರ್ಧ ಗಂಟೆಯೂ ಇಲ್ಲ. ಹತ್ತು ಯೆನ್ ನಾಣ್ಯದ ಮೇಲಿರುವ ಬ್ಯೋದೋಯಿನ್ ಗುಡಿ ನೋಡಿ, ಪಕ್ಕದಲ್ಲೇ ಊರಿನ ನಗರಸಭೆ ನಡೆಸುವ ತೈಹೋಆನ್ ಚಹಾ ಮನೆ. 2018ರಲ್ಲಿ ನಾನು ಕೊಟ್ಟದ್ದು 500 ಯೆನ್. ಮೊದಲು ಮಿಠಾಯಿ ಕೊಟ್ಟರು. ಬೀನ್ಸ್ ಕಾಳಿನ ಹೂರಣ, ಮೇಪಲ್ ಎಲೆಯ ಆಕಾರ, ನಮ್ಮ ಹೋಳಿಗೆ ಹೂರಣಕ್ಕಿಂತ ನುಣುಪು. ತುಪ್ಪ ಇಲ್ಲ, ಏಲಕ್ಕಿ ಇಲ್ಲ. ಅದನ್ನು ಪೂರ್ತಿ ತಿಂದು ಮುಗಿಸಿ ಆಮೇಲೆ ಟೀ. ನಮ್ಮ ಥರ ಒಂದು ಕಚ್ಚು ಒಂದು ಗುಟುಕು ಅಲ್ಲ. ಬಟ್ಟಲು ಎರಡು ಸಲ ತಿರುಗಿಸಿ, ಮುಂಭಾಗಕ್ಕೆ ಬಾಯಿ ತಾಗದ ಹಾಗೆ ಕುಡಿಯಬೇಕು. ಕೊನೇ ಗುಟುಕು ಸೊರ್ರ್ ಅನ್ನಿಸಬೇಕು. ಅದು ಮರ್ಯಾದೆ! ಸಾಸರಿನಲ್ಲಿ ಸೊರ್ರ್ ಅಂದದ್ದಕ್ಕೆ ನನಗೆ ಜೀವನವಿಡೀ ಬೈಸಿಕೊಂಡೇ ಅಭ್ಯಾಸ.

ನಾಗೋಯಾ ಸಾಹೇಬರು ಇದಕ್ಕೂ "ನಿಜವಾದದ್ದಲ್ಲ" ಅನ್ನುತ್ತಾರೆ, ಗೊತ್ತು. ಸರಳತೆ ಅಂತ ಹೇಳಿಕೊಟ್ಟ ಟೀಗೆ ನೀವು ಆರು ವರ್ಷದ ಫೀಸು ಕಟ್ಟಿ ದೊಡ್ಡಸ್ತಿಕೆ ಮಾಡುತ್ತೀರಿ.

ನಾಗೋಯಾ ವಾಸಿ
ಸರಳತೆ ಅಂದರೆ ಸಸ್ತಾ ಅಲ್ಲ. ಈ ಟೀ ಪದ್ಧತಿಗೆ ರೂಪ ಕೊಟ್ಟ ಗುರು ಸೆನ್ ನೋ ರಿಕ್ಯೂ ಎರಡು ಚಾಪೆಯ ಕೋಣೆಯಲ್ಲಿ ಟೀ ಮಾಡಿದ. ಅವನ ಒಡೆಯ, ಆಗ ಜಪಾನ್ ಆಳುತ್ತಿದ್ದ ಹಿದೆಯೊಶಿ, ಚಿನ್ನದ ಚಹಾ ಕೋಣೆ ಮಾಡಿಸಿದ. ಕೊನೆಗೆ 1591ರಲ್ಲಿ ಅದೇ ಒಡೆಯ ರಿಕ್ಯೂಗೆ ಹೊಟ್ಟೆ ಬಗೆದುಕೊಂಡು ಸಾಯುವಂತೆ ಆಜ್ಞೆ ಮಾಡಿದ. ಇದು ತಮಾಷೆಯ ವಿಷಯ ಅಲ್ಲ.

ಧಾರವಾಡ ಪೇಡೆ
500 ಯೆನ್ನಿಗೆ ಕುಡಿದರೆ ರಿಕ್ಯೂಗೆ ಅವಮಾನ ಆಯಿತಾ? ಏನ್ರೀ ಇದು.

ಮಲ್ಲೇಶ್ವರಂ ಫಿಲ್ಟರ್
ಈ ಟೀಗೆ ಹಾಕುವ ಹಸಿರು ಮಚ್ಚಾ ಪುಡಿ ಯಾರಾದರೂ ಬೆಂಗಳೂರಿಗೆ ತಂದಿದ್ದೀರಾ? ಹೆಂಡತಿ 30 ಗ್ರಾಂ ಡಬ್ಬಿ ತಂದಳು. ಎರಡು ತಿಂಗಳಿಗೆ ಬಣ್ಣ ಹೋಗಿ ಮೆಹೆಂದಿ ಪುಡಿ ಥರ ಆಯಿತು.

ದಿನಾ ವಜ್ರಾಸನ
ಮಾಚಾ ಅನ್ನಿ ಸರ್. ಮಚ್ಚಾ ಅಂದರೆ ಶ್ರೀರಾಮಪುರದ ಹುಡುಗರೆಲ್ಲ ತಿರುಗಿ ನೋಡುತ್ತಾರೆ.

ನಾಗೋಯಾ ವಾಸಿ
ಜಪಾನಿಯಲ್ಲಿ ಒತ್ತು ಇದೆ. ಮಚ್ಚಾ ಎನ್ನುವುದೇ ಹತ್ತಿರ. ಪುಡಿ ಫ್ರಿಜ್ಜಿನಲ್ಲಿ ಇಡಬೇಕು. ಬೀಸುವ ಕಲ್ಲಿನಲ್ಲಿ ಗಂಟೆಗೆ 40 ಗ್ರಾಂ ಬರುವುದೇ ಹೆಚ್ಚು, ಸುಮ್ನೆ ಹಾಳು ಮಾಡಬೇಡಿ. 2024ರಿಂದ ಇಲ್ಲಿಯ ಅಂಗಡಿಗಳಲ್ಲೇ ಒಬ್ಬರಿಗೆ ಇಷ್ಟೇ ಡಬ್ಬಿ ಅಂತ ಮಿತಿ ಹಾಕಿದ್ದಾರೆ. ಲಾಟೆಗೆ ಸುರಿಯುವವರಿಂದ ನಮಗೆ ಸಿಗುತ್ತಿಲ್ಲ.

ಹಾಸನದ ಮಗಳು
ಎಲ್ಲರಿಗೂ ಥ್ಯಾಂಕ್ಸ್. ನಾಗೋಯಾದವರು ನಡುವೆ ಎಲ್ಲೋ ಹೇಳಿದ ರ್ಯೂರೇ ಹೆಸರು ಹಿಡಿದು ಎರಡು ಕಡೆ ಕೇಳಿದೆ. ಒಂದು ಕಡೆ ಕುರ್ಚಿ ಇದೆ ಅಂದರು. ಕಿಮೊನೊ ಬಿಟ್ಟೆವು, ಅಮ್ಮ ಸೀರೆಯಲ್ಲೇ ಬರುತ್ತಾರೆ. ಬರೀ ಮಿಠಾಯಿ ಮತ್ತು ತೆಳು ಟೀ. ಮಿಠಾಯಿಗೆ ಮೊಟ್ಟೆ ಹಾಕುತ್ತೀರಾ ಅಂತ ಕೇಳಿದ್ದೇನೆ. ಬಳೆ ತೆಗೆಯಬೇಕು ಅನ್ನುವುದನ್ನು ಅಮ್ಮನಿಗೆ ಇನ್ನೂ ಹೇಳಿಲ್ಲ. ಅವು ಮಣಿಕಟ್ಟಿನಿಂದ ಇಳಿದು ಮೂವತ್ತು ವರ್ಷ ಆಗಿರಬಹುದು.

ಶಿರಸಿ ತಂಬುಳಿ
ಸೋಪು ಹಚ್ಚಿದರೂ ಬರಲ್ಲ ಅಂದರೆ ಬಟ್ಟೆ ಸುತ್ತಿಕೊಳ್ಳಲು ಹೇಳಿ. ನಾನು ಕರ್ಚೀಫ್ ಸುತ್ತಿಕೊಂಡಿದ್ದೆ, ಏನೂ ಅನ್ನಲಿಲ್ಲ.

ಲೆಕ್ಕದ ಪುಸ್ತಕ
ಪಾಸ್ ತೆಗೆದುಕೊಂಡಿಲ್ಲ ತಾನೇ? ಬಸ್ಸಿಗೆ ನಿಲ್ಲಬೇಡಿ, ಸಬ್‌ವೇ ಹಿಡಿಯಿರಿ. ಒಂದು ಗಂಟೆ ಮುಂಚೆ ಹೋಗಿ ಬಾಗಿಲಲ್ಲೇ ಕೂತುಕೊಳ್ಳಿ. ವಜ್ರಾಸನ ಅವರೇ, ಲೆಕ್ಕ ಇನ್ನೂ ಬಂದಿಲ್ಲ.