ಸ್ಪೇನಿನ ಟ್ರಿನಿಡಾಡ್ ಪ್ರಾಂತ್ಯ ಅಷ್ಟು ಕಾಲ ಬಡವಾಗಿದ್ದದ್ದೇಕೆ? (ಅಡ್ಡಹೆಸರಿನ ಮೂವರ ಮಾತುಕತೆ)

ನಕಾಶೆಗಾರ: 1592ರಲ್ಲಿ ಸ್ಪೇನಿನ ಗವರ್ನರ್ ಬೆರಿಯೊ ಕಡೆಯವರು ವೆನೆಜುವೆಲಾ ಪಕ್ಕದ ಟ್ರಿನಿಡಾಡ್ ದ್ವೀಪದಲ್ಲಿ ಸ್ಯಾನ್ ಹೋಸೆ ಡಿ ಒರುನ್ಯ ಪಟ್ಟಣವನ್ನು ರಾಜಧಾನಿಯಾಗಿ ಕಟ್ಟಿದರು. 1797ರಲ್ಲಿ ದ್ವೀಪ ಬ್ರಿಟಿಷರ ಕೈಸೇರಿತು. ಆದರೆ ತೋಟಗಳು ನಿಜವಾಗಿ ಎದ್ದದ್ದು 1783ರ ನಂತರವೇ. ಮಣ್ಣಿನ ದೋಷವೇ? ರಾಜಧಾನಿಯನ್ನು ಕಡಲು ಬಿಟ್ಟು ಒಳಗೆ ಕಟ್ಟಿದ್ದಾದರೂ ಏಕೆ?

ಅಳಿವೆ: ಮಣ್ಣಿನ ದೋಷವಲ್ಲ. ಮೊದಲು ಕರಾವಳಿ ನೋಡಿ. ಉತ್ತರದ ಬೆಟ್ಟಸಾಲು ವೆನೆಜುವೆಲಾದ ಪಾರಿಯಾ ಬೆಟ್ಟಗಳ ಮುಂದುವರಿಕೆ. 940 ಮೀಟರ್‌ವರೆಗೆ ಏರಿ, ಕಡಲಿಗೆ ಕಡಿದಾಗಿ ಇಳಿಯುತ್ತದೆ. ಪೂರ್ವದಲ್ಲಿ ಅಟ್ಲಾಂಟಿಕ್ಕಿನ ಅಲೆ ನೇರ ಬಂದು ಬಡಿಯುತ್ತದೆ, ಅದರ ಹಿಂದೆ ನರೀವಾ ಜೌಗು. ಹಡಗಿಗೆ ಶಾಂತ ನೀರು ಸಿಗುವುದು ಪಶ್ಚಿಮದ ಪಾರಿಯಾ ಕೊಲ್ಲಿಯಲ್ಲಿ ಮಾತ್ರ. ಅಲ್ಲೂ ಒರಿನೋಕೊ ನದಿ ತಂದ ಹೂಳಿನಿಂದ ದಡದ ಹತ್ತಿರ ಆಳ ಕಡಿಮೆ, ಕಾಂಡ್ಲಾ ಕಾಡು ಬೇರೆ. ಸ್ಯಾನ್ ಹೋಸೆಗೆ ಕರೋನಿ ನದಿಯಲ್ಲಿ ದೋಣಿ ಏರಿ ಬರಬಹುದಿತ್ತು. ಬೆಟ್ಟದ ಬುಡವಾದ್ದರಿಂದ ಜೌಗಿನ ಕಾಟವಿಲ್ಲ, ಕಡಲ ದಾಳಿಕೋರರು ತಟ್ಟನೆ ಎರಗುವಂತಿಲ್ಲ ಎಂಬ ಲೆಕ್ಕ. ಆದರೂ 1595ರಲ್ಲಿ ಇಂಗ್ಲೆಂಡಿನ ನಾವಿಕ ವಾಲ್ಟರ್ ರ್‍ಯಾಲಿ ಬಂದು ಸುಟ್ಟ. ಅದೇ ಪಯಣದಲ್ಲಿ ಲಾ ಬ್ರೇಯಾದ ಡಾಂಬರು ಕೆರೆಯಿಂದ ತನ್ನ ಹಡಗುಗಳ ಸಂದಿಗೆ ಡಾಂಬರು ಹಾಕಿಸಿಕೊಂಡ. 1757ರಲ್ಲಿ ಗವರ್ನರ್ ಕಡಲ ದಡದ ಪೋರ್ಟ್ ಆಫ್ ಸ್ಪೇನಿಗೆ ಇಳಿದುಬಂದ.

ಅಸಲಿ ತೊಡಕು ಹಡಗು ಮತ್ತು ಜನ, ಎರಡರ ಕೊರತೆಯೂ. ಕಾನೂನಿನಂತೆ ಸ್ಪೇನಿನ ಹಡಗುಗಳೊಂದಿಗೆ ಮಾತ್ರ ವ್ಯಾಪಾರ. ಅವು ಬಂದರೆ ಬಂತು, ಇಲ್ಲದಿದ್ದರೆ ಇಲ್ಲ. ಬದುಕಿದ್ದು ಕಳ್ಳವ್ಯಾಪಾರದಿಂದ.

ತೋಟದ ದಾರಿ: ಕೋಕೋ ಕಥೆ ಬಿಟ್ಟಿರಿ. ಪ್ರಾಂತ್ಯ ನೆಚ್ಚಿಕೊಂಡಿದ್ದು ಕ್ರಿಯೋಲೋ ತಳಿಯ ಕೋಕೋ. ರುಚಿ ಸೊಗಸು, ಆದರೆ ರೋಗಕ್ಕೆ ನಾಜೂಕು. 1720ರ ದಶಕದ ರೋಗದಲ್ಲಿ ಬಹುಪಾಲು ಮರ ಹೋದವು. ಒಂದೇ ಬೆಳೆ ನೆಚ್ಚಿದವರ ಗತಿ ಅದೇ. ಹಲವು ದಶಕದ ನಂತರ ಮುಖ್ಯಭೂಮಿಯಿಂದ ಗಟ್ಟಿ ತಳಿ ಫೊರಾಸ್ಟೆರೋ ಬಂತು. ಕೋಕೋ ಬೀಜ ಒಣಗಿದರೆ ಮೊಳೆಯುವುದಿಲ್ಲ, ಕಾಯಿಯೊಳಗೇ ಇಟ್ಟು ಬೇಗ ಸಾಗಿಸಬೇಕು. ಕೊಲ್ಲಿಯಾಚೆಯೇ ಮುಖ್ಯಭೂಮಿ ಇದ್ದದ್ದು ಇಲ್ಲಿ ಅನುಕೂಲವಾಯಿತು. ಉಳಿದ ಕ್ರಿಯೋಲೋ ಜೊತೆ ಮಿಶ್ರವಾಗಿ ಹುಟ್ಟಿದ್ದೇ ಟ್ರಿನಿಟಾರಿಯೋ.

ಕೋಕೋ ಬೀಜ ಹುದುಗಿಸುವಾಗ ಜಾಗ್ರತೆ ಬೇಕು: ಕ್ರಿಯೋಲೋಗೆ 2–3 ದಿನ ಸಾಕು, ಫೊರಾಸ್ಟೆರೋಗೆ 5–6 ದಿನ. ಎರಡನ್ನೂ ಒಂದೇ ರಾಶಿಗೆ ಹಾಕಿದರೆ ಒಂದು ಹಳಸುತ್ತದೆ, ಇನ್ನೊಂದರಲ್ಲಿ ಕಹಿ, ಒಗರು ಉಳಿಯುತ್ತದೆ. ಅಲ್ಲಿ ಕೋಕೋಗೆ ನೆರಳು ಕೊಡುವ ಮರ ನಮ್ಮ ಹಾಲಿವಾಣದ ದಾಯಾದಿಯೇ. ಸ್ಪ್ಯಾನಿಷಿನಲ್ಲಿ ಅದಕ್ಕೆ ‘ಕೋಕೋದ ತಾಯಿ’ ಎಂದೇ ಹೆಸರು.

ನಕಾಶೆಗಾರ: ಹಾಗಿದ್ದರೆ 1783ರಲ್ಲಿ ಬದಲಾದದ್ದೇನು? ಕಬ್ಬಿನ ಗದ್ದೆಗೆ ಭಾರತೀಯರು ಹೋದದ್ದೂ ಆಗಲೇನಾ?

ಅಳಿವೆ: ಆ ವರ್ಷ ನವೆಂಬರ್ 24ರ ರಾಜಾಜ್ಞೆ ಪರದೇಶದ ಕ್ಯಾಥೊಲಿಕರಿಗೆ ಪುಕ್ಕಟೆ ಭೂಮಿ ಕೊಟ್ಟಿತು. ಬಿಳಿಯರ ಮನೆಯ ಪ್ರತಿ ತಲೆಗೆ ಸುಮಾರು 32 ಎಕರೆ, ಕರೆತಂದ ಪ್ರತಿ ಗುಲಾಮನ ಲೆಕ್ಕಕ್ಕೆ ಅದರರ್ಧ. ಸ್ವತಂತ್ರ ಕರಿಯರಿಗೆ, ಮಿಶ್ರವರ್ಣದವರಿಗೆ ಬಿಳಿಯರ ಅರ್ಧ. ಗುಣಿಸಿ ನೋಡಿ: ನಾಲ್ವರ ಬಿಳಿಯ ಕುಟುಂಬ 20 ಗುಲಾಮರೊಂದಿಗೆ ಬಂದರೆ 128 + 320, ಒಟ್ಟು 448 ಎಕರೆ. ಮುಕ್ಕಾಲಿನಷ್ಟು ಭೂಮಿ ದಕ್ಕುವುದು ಗುಲಾಮರ ತಲೆ ಎಣಿಸಿ, ಅವರಿಗೆ ಮಾತ್ರ ಒಂದು ಗೇಣೂ ಇಲ್ಲ. ಆ ಆಜ್ಞೆಯನ್ನು ಬರೀ ‘ವಲಸೆ ನೀತಿ’ ಎಂದು ಬರೆಯುವುದನ್ನು ನಾನು ಒಪ್ಪುವುದಿಲ್ಲ. ಗ್ರೆನಡಾ, ಮಾರ್ಟಿನಿಕ್ ಕಡೆಯ ಫ್ರೆಂಚರು ಧಾವಿಸಿದರು. 1797ರ ಹೊತ್ತಿಗೆ ಸುಮಾರು 17,700 ಜನ, ಅದರಲ್ಲಿ 10,000ದಷ್ಟು ಗುಲಾಮರು. ಮೊದಲ ಸಕ್ಕರೆ ಗಾಣ 1787ರದ್ದು.

ತೋಟದ ದಾರಿ: ಭಾರತೀಯರು ಈ ಪ್ರಾಂತ್ಯದ ಕಾಲದವರಲ್ಲ. ಬ್ರಿಟಿಷರು ಗುಲಾಮಗಿರಿ ಕೊನೆಗೊಳಿಸಿದ ಮೇಲೆ ಕರಾರು ಕೂಲಿಗಳನ್ನು ಹೊತ್ತ ಮೊದಲ ಹಡಗು, ಫಾತೆಲ್ ರಜಾಕ್, ಅಲ್ಲಿ ತಲುಪಿದ್ದು 1845ರ ಮೇ 30ರಂದು.