ಸೇಜುನ್ ಸುಜುಕಿ ಸಿನಿಮಾಗಳನ್ನು ಯಾವ ಕ್ರಮದಲ್ಲಿ ನೋಡಬೇಕು?

ಬೆಳ್ಳಿಪರದೆ: ಜಪಾನಿ ನಿರ್ದೇಶಕ ಸುಜುಕಿಯ ‘ಬ್ರಾಂಡೆಡ್ ಟು ಕಿಲ್’ (1967) ಚಿತ್ರದಲ್ಲಿ ಒಂದು ದೃಶ್ಯಕ್ಕೂ ಮುಂದಿನದಕ್ಕೂ ಕೊಂಡಿಯೇ ಸಿಗಲ್ಲ. ಇದು ಬೇಕಂತಲೇ ಮಾಡಿದ್ದೋ, ಟೈಮ್ ಸಾಲದೆ ಆಗಿದ್ದೋ? ಸುಜುಕಿಯನ್ನು ಎಲ್ಲಿಂದ ಶುರು ಮಾಡೋದು? ಈ ಚಿತ್ರದಿಂದಲೇ ಅವರ ಕೆಲಸ ಹೋಯ್ತು ಅನ್ನೋದು ನಿಜವೇ?

ನೆಗೆಟಿವ್: ಬೇಕಂತಲೂ ಹೌದು, ಟೈಮ್ ಸಾಲದೆಯೂ ಹೌದು. ನಿಕ್ಕಾಟ್ಸು ಸ್ಟುಡಿಯೋದಲ್ಲಿ ಅವರಿಗೆ ಸಿಗುತ್ತಿದ್ದದ್ದು ಒಂದೇ ಟಿಕೆಟ್ಟಿಗೆ ತೋರಿಸುವ ಎರಡು ಚಿತ್ರಗಳಲ್ಲಿ ಚಿಕ್ಕದು. ಕಥೆ, ನಟರು ಎಲ್ಲ ಸ್ಟುಡಿಯೋದ ಆಯ್ಕೆ. ಶೂಟಿಂಗಿಗೆ ಸುಮಾರು 25 ದಿನ, ಆಮೇಲಿನ ಕೆಲಸಕ್ಕೆ ಮೂರೇ ದಿನ. 1956ರಿಂದ 1967ರೊಳಗೆ 40 ಚಿತ್ರ ಮುಗಿಸಿದರು.

ಸ್ಟೋರಿಬೋರ್ಡ್ (ಶಾಟುಗಳನ್ನು ಮೊದಲೇ ಚಿತ್ರ ಬಿಡಿಸಿಟ್ಟ ಹಾಳೆ) ಬಳಸುತ್ತಿರಲಿಲ್ಲ, ಬೇಕಾದಷ್ಟೇ ಶಾಟ್ ತೆಗೆಯುತ್ತಿದ್ದರು. ಹಾಗಾಗಿ ಎಡಿಟಿಂಗ್ ಒಂದೇ ದಿನದಲ್ಲಿ ಮುಗಿಯುತ್ತಿತ್ತು. ಪಾತ್ರ ಬಾಗಿಲು ದಾಟಿ, ಮೆಟ್ಟಿಲಿಳಿದು, ಕಾರು ಹತ್ತುವ ಶಾಟುಗಳನ್ನು ತೆಗೆದೇ ಇಲ್ಲ ಅಂದಮೇಲೆ ಕೊಂಡಿ ಎಲ್ಲಿಂದ ಬರಬೇಕು? ‘ಬ್ರಾಂಡೆಡ್ ಟು ಕಿಲ್’ ಕೆಲಸ ಮುಗಿದದ್ದು ಬಿಡುಗಡೆಯ ಹಿಂದಿನ ದಿನ.

ಕಿಮುರಾಭಿಮಾನಿ: ಶುರುವಿಗೆ ‘ಯೂತ್ ಆಫ್ ದ ಬೀಸ್ಟ್’ (1963). ಕಥೆ ನೇರ, ನಾಯಕ ಜೋ ಶಿಶಿದೊ. ಮೊದಲ ದೃಶ್ಯ ಕಪ್ಪುಬಿಳುಪು, ಹೂದಾನಿಯ ಹೂವು ಮಾತ್ರ ಕೆಂಪು. ಒಂದು ಗ್ಯಾಂಗಿನ ಆಫೀಸು ನೈಟ್‌ಕ್ಲಬ್ಬಿನ ಗಾಜಿನ ಹಿಂದೆ, ಇನ್ನೊಂದರದ್ದು ಸಿನಿಮಾ ಪರದೆಯ ಹಿಂದೆ! ಸಂಭಾಷಣೆ ಬಿಟ್ಟು ಆ ಹಿನ್ನೆಲೆಯನ್ನೇ ನೋಡಿ.

ಆಮೇಲೆ ‘ಕಾಂಟೊ ವಾಂಡರರ್’ (1963): ಕತ್ತಿ ಬೀಸಿದ ಕೂಡಲೇ ಕಾಗದದ ಬಾಗಿಲುಗಳು ಕಳಚಿ ಬಿದ್ದು ಹಿಂದೆಲ್ಲ ಕೆಂಪಾಗುತ್ತದೆ. ‘ಟ್ಯಾಟೂಡ್ ಲೈಫ್’ (1965) ಕೊನೆಯ ಹೊಡೆದಾಟದಲ್ಲಿ ಗಾಜಿನ ನೆಲದ ಅಡಿಯಿಂದ ತೆಗೆದ ಶಾಟ್ ಇದೆ. ಕಲಾ ನಿರ್ದೇಶಕ ತಾಕೆಯೊ ಕಿಮುರಾ ಅವರ ಹೆಸರನ್ನು ಸುಜುಕಿಯ ಪಕ್ಕದಲ್ಲೇ ಹೇಳಬೇಕು, ಯಾಕೋ ಎಲ್ಲರೂ ಮರೆಯುತ್ತಾರೆ. ಇವಾದ ಮೇಲೆ ‘ಟೋಕಿಯೊ ಡ್ರಿಫ್ಟರ್’ (1966), ಕೊನೆಗೆ ‘ಬ್ರಾಂಡೆಡ್’. ನೇರ ಅಲ್ಲಿಗೇ ಹಾರಿದರೆ ಅವರು ಯಾವ ನಿಯಮ ಮುರಿಯುತ್ತಿದ್ದಾರೆ ಅನ್ನೋದೇ ಗೊತ್ತಾಗಲ್ಲ.

ನೆಗೆಟಿವ್: ಕೆಲಸದ ವಿಷಯ: ಚಿತ್ರಗಳು ಅರ್ಥವಾಗಲ್ಲ, ದುಡ್ಡು ತರಲ್ಲ ಅಂತ 1968ರ ಏಪ್ರಿಲ್‌ನಲ್ಲಿ ನಿಕ್ಕಾಟ್ಸು ಮುಖ್ಯಸ್ಥ ಕ್ಯೂಸಾಕು ಹೋರಿ ಸುಜುಕಿಯನ್ನು ಕೆಲಸದಿಂದ ತೆಗೆದುಹಾಕಿದರು. ಫಿಲ್ಮ್ ಕ್ಲಬ್ಬೊಂದು ಅವರ ಚಿತ್ರಗಳ ಸರಣಿ ಏರ್ಪಡಿಸಿದ್ದಾಗ ಪ್ರಿಂಟ್ ಕೊಡಲೂ ಒಪ್ಪಲಿಲ್ಲ. ಸುಜುಕಿ ಕೋರ್ಟಿಗೆ ಹೋದರು, ವಿದ್ಯಾರ್ಥಿಗಳು ಬೀದಿಗಿಳಿದರು. 1971ರ ಡಿಸೆಂಬರಿನಲ್ಲಿ 10 ಲಕ್ಷ ಯೆನ್‌ಗೆ ರಾಜಿಯಾಯಿತು. ಗೆದ್ದಂತೆ ಕಂಡರೂ ದೊಡ್ಡ ಸ್ಟುಡಿಯೋಗಳ ಬಾಗಿಲು ಮುಚ್ಚಿಯೇ ಇತ್ತು. ಮುಂದಿನ ಚಿತ್ರ ಬಂದದ್ದು 1977ರಲ್ಲಿ. 44ರಿಂದ 54ರ ವಯಸ್ಸು, ನಿರ್ದೇಶಕನ ಪಾಲಿಗೆ ಚಿನ್ನದಂಥ ಕಾಲ, ಹಾಗೇ ಹೋಯಿತು.

ಮಂಡಲ: 1980ರ ‘ಜಿಗೊಯ್ನರ್‌ವೈಸನ್’ ಬಿಡಬೇಡಿ. ಥಿಯೇಟರ್ ಸಿಗದಿದ್ದಾಗ ನಿರ್ಮಾಪಕ ಗೆಂಜಿರೊ ಅರಾಟೊ ಗಾಳಿ ತುಂಬಿದ ಟೆಂಟಿನಲ್ಲಿ ತೋರಿಸಿದರು. ‘ಕಿನೆಮಾ ಜುಂಪೊ’ ಪತ್ರಿಕೆ ಆ ವರ್ಷದ ಅತ್ಯುತ್ತಮ ಚಿತ್ರ ಎಂದಿತು.

ಪ್ರಿಂಟ್ ಆರಿಸುವಾಗ ಒಂದು ಎಚ್ಚರ: ನಿಕ್ಕಾಟ್ಸು ಕಾಲದ ಈ ಸ್ಕೋಪ್ (ಅಗಲ ಪರದೆಯ) ಚಿತ್ರಗಳು 2.35:1, ಅಂದರೆ ಎತ್ತರದ ಎರಡೂಕಾಲು ಪಟ್ಟಿಗಿಂತ ಹೆಚ್ಚು ಅಗಲದವು. ಟಿವಿಗೆ ಅಂತ ಪಕ್ಕ ಕತ್ತರಿಸಿದ ಪ್ರತಿಯಲ್ಲಿ ಅಂಚಿನಲ್ಲಿ ನಿಂತ ಪಾತ್ರವೇ ಮಾಯವಾಗಿ ಗೊಂದಲ ದುಪ್ಪಟ್ಟಾಗುತ್ತದೆ. ‘ಜಿಗೊಯ್ನರ್‌ವೈಸನ್’ ಮಾತ್ರ ಮೂಲದಲ್ಲೇ ಹೆಚ್ಚುಕಮ್ಮಿ ಚೌಕ, 1.37:1. ಅದನ್ನು ಎಳೆದು ಪರದೆ ತುಂಬಿಸಬೇಡಿ.